ನಾಲ್ಕು ನೂಲಿನ ಲೆಕ್ಕ: ನಮ್ಮ ಅಡುಗೆಮನೆಯ ಸಾಫ್ಟ್ ಕ್ಲೋಸ್ ಡ್ರಾಗಳು

ನಮ್ಮ ಅತ್ತೆ ಬೆಳಿಗ್ಗೆ 4.30ಕ್ಕೆ ಏಳುತ್ತಾರೆ. ಎದ್ದ ತಕ್ಷಣ ಡಿಕಾಕ್ಷನ್ ಹಾಕಬೇಕು. ಅದಕ್ಕೆ ಫಿಲ್ಟರ್ ಬೇಕು, ಸ್ಪೂನು ಬೇಕು, ಕಾಫಿಪುಡಿ ಡಬ್ಬ ಬೇಕು. ಮೂರೂ ಮೂರು ಬೇರೆ ಬೇರೆ ಡ್ರಾಗಳಲ್ಲಿ. ಧಡ್, ಧಡ್, ಧಡ್. ಗೋಡೆಯ ಆಚೆಗೇ ಮಗನ ರೂಮು. ಸೆಕೆಂಡ್ ಪಿಯುಸಿ, ರಾತ್ರಿ ಒಂದು ಗಂಟೆವರೆಗೆ ಓದಿ ಮಲಗಿರುತ್ತಿದ್ದ. ಒಂದು ದಿನ ಕಣ್ಣುಜ್ಜಿಕೊಂಡು ಬಂದು, "ಅಜ್ಜಿ, ಹೇಗೂ ಎಬ್ಬಿಸಿದ್ದೀರಿ, ನನಗೂ ಅರ್ಧ ಲೋಟ ಕೊಟ್ಟುಬಿಡಿ" ಅಂದ. ಅವತ್ತೇ ಸಾಫ್ಟ್ ಕ್ಲೋಸ್, ಅಂದರೆ ಸದ್ದಿಲ್ಲದೆ ಮೆಲ್ಲಗೆ ತಾನೇ ಮುಚ್ಚಿಕೊಳ್ಳುವ ಡ್ರಾ, ಹಾಕಿಸೋಣ ಎಂದು ತೀರ್ಮಾನವಾಯಿತು.

ಇದು ಒಂದೂವರೆ ವರ್ಷದ ಹಿಂದಿನ ಮಾತು. ಆಮೇಲೆ ಒಂದೇ ಕೆಲಸವನ್ನು ಎರಡು ಸಲ ಮಾಡಿಸಿದ್ದೇನೆ, ಎರಡು ಸಲ ದುಡ್ಡು ಕೊಟ್ಟಿದ್ದೇನೆ. ಈಗ ಅಡುಗೆಮನೆಯಲ್ಲಿ 8 ಡ್ರಾ ಇವೆ. 5 ಸಾಫ್ಟ್ ಕ್ಲೋಸ್, 3 ಸಾದಾ. ಅದು ಯಾಕೆ ಹಾಗೆ ಎಂದು ಹೇಳುತ್ತೇನೆ. ಅಡುಗೆಮನೆ ಮಾಡಿಸಲು ಹೊರಟವರಿಗೆ ನಾನು ಕಳೆದುಕೊಂಡ ದುಡ್ಡಾದರೂ ಉಳಿಯಲಿ.

ಮೊದಲು ನನ್ನ ಬಗ್ಗೆ. ಬೆಂಗಳೂರಿನ ಹನುಮಂತನಗರದಲ್ಲಿ ಮನೆಯಲ್ಲೇ ಬ್ಲೌಸ್ ಹೊಲಿಯುತ್ತೇನೆ. 22 ವರ್ಷದಿಂದ ಅದೇ ಕೆಲಸ. ಮರಗೆಲಸ ಗೊತ್ತಿಲ್ಲ, ಆದರೆ ಅಳತೆ ಗೊತ್ತು.

ನಮ್ಮದು ಹಳೆಯ ಅಡುಗೆಮನೆ. ಗ್ರಾನೈಟ್ ಕಟ್ಟೆ, ಕೆಳಗೆ ಕಡಪಾ ಕಲ್ಲಿನ ಅಡ್ಡಗೋಡೆ. ಡ್ರಾಗಳಿಗೆ ಬಿಳಿ ಬಣ್ಣದ ರೋಲರ್ ಚಾನೆಲ್, ಅಂದರೆ ಡ್ರಾ ಜಾರುವ ಪಟ್ಟಿ, ಇತ್ತು. ಚಿಕ್ಕ ಪ್ಲಾಸ್ಟಿಕ್ ಚಕ್ರ ಉರುಳುವಂಥದ್ದು. ಅದರಲ್ಲಿ ಡ್ರಾ ಮುಕ್ಕಾಲು ಭಾಗ ಮಾತ್ರ ಹೊರಗೆ ಬರುತ್ತಿತ್ತು. ಹಿಂದಿನ ಕಾಲುಭಾಗದಲ್ಲಿ ಏನಿದೆ ಎಂದು ಕೈ ಹಾಕಿ ತಡಕಾಡಬೇಕು. ಅಲ್ಲಿ ಒಮ್ಮೆ ಕಳೆದುಹೋದ ಲಟ್ಟಣಿಗೆ ಎರಡು ವರ್ಷ ಬಿಟ್ಟು ಸಿಕ್ಕಿತ್ತು. ಆದ್ದರಿಂದ ಎಲ್ಲವನ್ನೂ ಕಿತ್ತು ಹೊಸ ಪ್ಲೈವುಡ್‌ನಲ್ಲಿ ಮಾಡಿಸೋಣ ಎಂದುಕೊಂಡೆವು.

ಅಂಗಡಿಗೆ ಹೋದರೆ ಯಾರೂ 'ಸ್ಲೈಡ್' ಅನ್ನುವುದಿಲ್ಲ, 'ಚಾನೆಲ್' ಅನ್ನುತ್ತಾರೆ. ಅದರಲ್ಲಿ ಮೂರು ಬಗೆ ನೋಡಿದೆ. ಒಂದು ಟೆಲಿಸ್ಕೋಪಿಕ್. ಡ್ರಾದ ಎರಡೂ ಪಕ್ಕಕ್ಕೆ ಕೂರುತ್ತದೆ, ಒಳಗೆ ಸಬ್ಬಕ್ಕಿ ಗಾತ್ರದ ಉಕ್ಕಿನ ಗುಂಡುಗಳು, ಮೂರು ಪಟ್ಟಿ ಒಂದರೊಳಗೊಂದು ಜಾರಿ ಡ್ರಾ ಪೂರ್ತಿ ಹೊರಗೆ ಬರುತ್ತದೆ. ಎರಡನೆಯದು ಅಂಡರ್‌ಮೌಂಟ್, ಡ್ರಾದ ಕೆಳಗೆ ಅಡಗಿರುತ್ತದೆ, ಕಣ್ಣಿಗೆ ಕಾಣುವುದಿಲ್ಲ. ಮೂರನೆಯದು ಟ್ಯಾಂಡಮ್ ಬಾಕ್ಸ್. ಪಕ್ಕದ ಗೋಡೆಗಳೇ ಲೋಹದವು, ನಾವು ತಳ ಮತ್ತು ಹಿಂಬದಿಯ ಹಲಗೆ ಮಾತ್ರ ಮಾಡಿಕೊಳ್ಳಬೇಕು. ಮೂರರಲ್ಲೂ ಸಾಫ್ಟ್ ಕ್ಲೋಸ್ ಸಿಗುತ್ತದೆ. ಕೆಲವು ಅಂಗಡಿಯವರು ಅದಕ್ಕೇ 'ಹೈಡ್ರಾಲಿಕ್' ಅನ್ನುತ್ತಾರೆ. ಕಂಪನಿಗಳಲ್ಲಿ ಬ್ಲಮ್ ಆಸ್ಟ್ರಿಯಾದ್ದು, ಹೆಟಿಚ್ ಮತ್ತು ಹಫೇಲೆ ಜರ್ಮನಿಯವು, ಎಬ್ಕೊ ನಮ್ಮ ಮುಂಬೈಯದು. ಬ್ಲಮ್ ಕಂಪನಿ ಈ ಮೆಲ್ಲಗೆ ಮುಚ್ಚುವ ಏರ್ಪಾಡನ್ನು 2001ರಲ್ಲಿ ತಂದಿತು. ಈಗ ನಮ್ಮ ಗಲ್ಲಿಯ ಹಾರ್ಡ್‌ವೇರ್ ಅಂಗಡಿಯಲ್ಲೂ ನೇತುಹಾಕಿದ್ದಾರೆ, ಹೆಸರೇ ಇಲ್ಲದ ಮಾಲು ಕೂಡ.

ನನ್ನ ಮೊದಲ ತಪ್ಪು ಅಲ್ಲೇ ಆಯಿತು. ಕಾರ್ಪೆಂಟರ್ "ಮೆಟೀರಿಯಲ್ ನಾನೇ ತರ್ತೀನಿ ಮೇಡಂ, ನೀವ್ಯಾಕೆ ಓಡಾಡ್ತೀರ" ಎಂದರು. ಸರಿ ಎಂದೆ. ಎಂಟೂ ಡ್ರಾಗೆ ಸಾಫ್ಟ್ ಕ್ಲೋಸ್ ಟೆಲಿಸ್ಕೋಪಿಕ್, 20 ಇಂಚು, ಒಂದು ಜೊತೆಗೆ 650 ರೂಪಾಯಿ. ಡಬ್ಬಿಯ ಮೇಲೆ ಕಂಪನಿ ಹೆಸರಿರಲಿಲ್ಲ, ದೊಡ್ಡದಾಗಿ ಒಂದು ಹುಲಿ ಚಿತ್ರ ಮಾತ್ರ ಇತ್ತು.

ಕೆಲಸ ಮುಗಿದ ದಿನ ಎಲ್ಲ ಚೆನ್ನಾಗಿಯೇ ಕಂಡಿತು. ಪಕ್ಕದ ಮನೆಯವರನ್ನು ಕರೆದು ತೋರಿಸಿದೆ. ಎರಡು ವಾರಕ್ಕೆ ಮೂರು ಡ್ರಾಗಳು ಮುಚ್ಚುವುದನ್ನು ನಿಲ್ಲಿಸಿದವು. ಬಾಗಿಲವರೆಗೆ ಬಂದು ಚಪ್ಪಲಿ ಬಿಡದೆ ನಿಂತ ನೆಂಟರ ಹಾಗೆ, ಎರಡು ಇಂಚು ಹೊರಗೇ ನಿಲ್ಲುತ್ತಿದ್ದವು. ತಳ್ಳಿದರೆ ಕಿರ್ ಎಂದು ಒಳಗೆ ಹೋಗುತ್ತಿದ್ದವು. ನಾಲ್ಕು ತಿಂಗಳಿಗೆ ಇನ್ನೆರಡರಲ್ಲಿ ಎಣ್ಣೆ ಸೋರಿತು. ಸ್ಟೀಲ್ ತಟ್ಟೆಗಳ ಮೇಲೆ ಜಿಡ್ಡು. ಮೊದಲು ಅತ್ತೆಯ ಮೇಲೆ ಅನುಮಾನ ಬಂತು, ಒಗ್ಗರಣೆ ಕೈಯಲ್ಲಿ ಡ್ರಾ ಮುಟ್ಟುತ್ತಾರೆ ಎಂದು. ಪಾಪ, ಅವರದೇನೂ ತಪ್ಪಿರಲಿಲ್ಲ. ಕಾರ್ಪೆಂಟರ್‌ಗೆ ಫೋನ್ ಮಾಡಿದೆ. "ಹೊಸದರಲ್ಲಿ ಹಂಗೇ ಇರತ್ತೆ, ಬಳಸ್ತಾ ಬಳಸ್ತಾ ಫ್ರೀ ಆಗತ್ತೆ" ಎಂದರು. ಮೂರನೇ ಸಲ ಫೋನ್ ಎತ್ತಲೇ ಇಲ್ಲ.

ಒಂದು ಮಧ್ಯಾಹ್ನ ಹೊಲಿಗೆ ಕೆಲಸ ಬಿಟ್ಟು ಆ ಡ್ರಾ ಮುಂದೆ ಕೂತೆ. ಟಾರ್ಚ್ ಹಿಡಿದು ಒಳಗೆ ನೋಡಿದೆ. ಚಾನೆಲ್‌ನ ಹಿಂದಿನ ತುದಿಯಲ್ಲಿ ಬೂದುಬಣ್ಣದ ಪ್ಲಾಸ್ಟಿಕ್ ಗೂಡು. ಅದರೊಳಗೆ ಒಂದು ಸ್ಪ್ರಿಂಗು, ಪೆನ್ನಿನ ರೀಫಿಲ್‌ಗಿಂತ ಸ್ವಲ್ಪ ದಪ್ಪದ ಒಂದು ಸಿಲಿಂಡರ್. ಡ್ರಾ ಒಳಗೆ ಹೋಗುವಾಗ ಕೊನೆಯ ಎರಡು ಇಂಚಿನಲ್ಲಿ ಒಂದು ಪಿನ್ನು ಕೊಕ್ಕೆಗೆ ಸಿಕ್ಕಿಕೊಳ್ಳುತ್ತದೆ. ಅಲ್ಲಿಂದ ಎಳೆದುಕೊಳ್ಳುವುದು ಸ್ಪ್ರಿಂಗಿನ ಕೆಲಸ, 'ನಿಧಾನ, ನಿಧಾನ' ಎಂದು ತಡೆಯುವುದು ಸಿಲಿಂಡರ್ ಒಳಗಿನ ಎಣ್ಣೆಯ ಕೆಲಸ. ಎಣ್ಣೆ ಸೋರಿದರೆ ತಡೆಯುವವರಿಲ್ಲ, ಡ್ರಾ ಮತ್ತೆ ಧಡ್ ಅನ್ನುತ್ತದೆ. ಇನ್ನು ಡ್ರಾ ಎಲ್ಲಾದರೂ ಬಿಗಿಯಾಗಿ ಉಜ್ಜುತ್ತಿದ್ದರೆ ಸ್ಪ್ರಿಂಗಿಗೆ ಎಳೆಯುವ ಶಕ್ತಿ ಸಾಲುವುದಿಲ್ಲ. ಆ ಸ್ಪ್ರಿಂಗ್ ಅಷ್ಟೇನೂ ಬಲಶಾಲಿಯಲ್ಲ.

ಹಾಗಾದರೆ ಬಿಗಿ ಎಲ್ಲಿ? ಟೇಪ್ ತಂದೆ. ನನ್ನ ಹೊಲಿಗೆ ಟೇಪ್ ಅಲ್ಲ, ಅದು ಎಳೆದೆಳೆದು ಹಿಗ್ಗಿರುತ್ತದೆ. ಮನೆಯವರ ಸ್ಟೀಲ್ ಟೇಪ್. ಕ್ಯಾಬಿನೆಟ್ ಒಳಗಿನ ಅಗಲ 528 ಮಿ.ಮೀ.ಗೆ ಒಂದು ಕೂದಲು ಜಾಸ್ತಿ. ಡ್ರಾ ಬಿಚ್ಚಿ ಹೊರಗಿನ ಅಗಲ ಅಳೆದೆ, 505 ದಾಟಿತ್ತು. ಎರಡೂ ಪಕ್ಕಕ್ಕೆ ಸೇರಿ ಉಳಿದ ಜಾಗ 23 ಮಿ.ಮೀ.ಕೂ ಕಡಿಮೆ. ಟೆಲಿಸ್ಕೋಪಿಕ್ ಚಾನೆಲ್‌ಗೆ ಒಂದೊಂದು ಪಕ್ಕ ಅರ್ಧ ಇಂಚು ಬೇಕು, ಅಂದರೆ 12.7 ಮಿ.ಮೀ. ಎರಡೂ ಸೇರಿ 25 ದಾಟಬೇಕು. ಎರಡೂವರೆ ಮಿ.ಮೀ. ಎಲ್ಲಿಗೆ ಹೋಯಿತು?

ಸ್ವಲ್ಪ ಹೊತ್ತು ಯೋಚಿಸಿದ ಮೇಲೆ ನಗು ಬಂತು. ಬ್ಲೌಸ್‌ನ ಮೇಲ್ಬಟ್ಟೆಯನ್ನು ಮೈಗೆ ಸರಿಯಾಗಿ ಕತ್ತರಿಸಿಬಿಟ್ಟು ಆಮೇಲೆ ಲೈನಿಂಗ್ ನೆನಪಾದರೆ ಏನಾಗುತ್ತದೆ? ತೋಳು ಏರುವುದೇ ಇಲ್ಲ, ಅಲ್ವಾ? ಇಲ್ಲಿ ಆದದ್ದೂ ಅದೇ. ಕಾರ್ಪೆಂಟರ್ ಬರೀ ಪ್ಲೈವುಡ್‌ನಲ್ಲಿ ಲೆಕ್ಕ ಹಾಕಿದ್ದಾರೆ. ಕ್ಯಾಬಿನೆಟ್ 530, ಡ್ರಾ 504, ನಡುವೆ 26, ಸರಿಯಾಗಿದೆ. ಆಮೇಲೆ ಕ್ಯಾಬಿನೆಟ್ ಒಳಗೆ ಎರಡೂ ಕಡೆ ಸನ್‌ಮೈಕಾ ಅಂಟಿಸಿದ್ದಾರೆ, ಡ್ರಾ ಹೊರಗೂ ಎರಡು ಕಡೆ ಅಂಟಿಸಿದ್ದಾರೆ. ಒಂದೊಂದು ಹಾಳೆ 0.8 ಮಿ.ಮೀ., ಹೆಚ್ಚೂ ಕಡಿಮೆ ಒಂದು ಎಟಿಎಂ ಕಾರ್ಡಿನ ದಪ್ಪ. ನಾಲ್ಕು ಹಾಳೆಗೆ 3.2 ಮಿ.ಮೀ. ಮಾಯ. ಅದರ ಕೆಳಗಿನ ಅಂಟು ಬೇರೆ. ಉಳಿದ ಜಾಗಕ್ಕೆ ಚಾನೆಲ್ ಅನ್ನು ಗುದ್ದಿ ಗುದ್ದಿ ತುರುಕಿದ್ದಾರೆ. ಕ್ಯಾಬಿನೆಟ್ ಪಕ್ಕದ ಹಲಗೆ ಹೊಟ್ಟೆ ಬಂದಂತೆ ಉಬ್ಬಿತ್ತು.

ಆಮೇಲೆ ಪರಿಚಯದವರೊಬ್ಬರು ಮಾಗಡಿ ಕಡೆಯ ಹಿರಿಯ ಆಚಾರ್ರೊಬ್ಬರನ್ನು ಕಳಿಸಿದರು. ಅವರು ಟೇಪ್ ತೆಗೆಯುವ ಮೊದಲೇ ಡ್ರಾ ಎಳೆದು, ಕಿವಿ ಕೊಟ್ಟು ಕೇಳಿ, "ಎರಡು ಕಡೆಗೂ ಸೇರಿ ಒಂದು ನೂಲಿನಷ್ಟು ಬಿಗಿ ಐತಲ್ಲಮ್ಮ" ಎಂದರು. ನೂಲು ಎಂದರೆ ಮರಗೆಲಸದವರ ಲೆಕ್ಕದಲ್ಲಿ ಇಂಚಿನ ಎಂಟನೇ ಒಂದು ಭಾಗ, ಸುಮಾರು ಮೂರು ಮಿ.ಮೀ. ನಾಲ್ಕು ನೂಲು ಅಂದರೆ ಅರ್ಧ ಇಂಚು. ಒಂದೊಂದು ಪಕ್ಕಕ್ಕೆ ಈ ಚಾನೆಲ್ ಕೇಳುವುದು ಆ ನಾಲ್ಕು ನೂಲನ್ನೇ. ನಾನು ಎರಡೂವರೆ ಮಿ.ಮೀ. ಎಂದು ಅಳೆದದ್ದನ್ನು ಅವರು ಕಿವಿಯಲ್ಲೇ ಅಳೆದುಬಿಟ್ಟರು. 22 ವರ್ಷ ನೂಲಿನಲ್ಲೇ ಬದುಕಿದವಳು ನಾನು, ಈ ನೂಲು ಗೊತ್ತಿರಲಿಲ್ಲ.

"ಬಿಗಿಗಿಂತ ಸಡಿಲ ಮೇಲು" ಎಂದರು ಆಚಾರ್ರು. ಸಡಿಲವಿದ್ದರೆ ಚಾನೆಲ್ ಹಿಂದೆ ಒಂದು ಚೂರು ಸನ್‌ಮೈಕಾ ಇಟ್ಟು ಸ್ಕ್ರೂ ಹಾಕಿದರೆ ಮುಗಿಯಿತು. ಬಿಗಿ ಇದ್ದರೆ ಒಂದೋ ಡ್ರಾ ಒಡೆದು ಮತ್ತೆ ಮಾಡಬೇಕು, ಇಲ್ಲವೋ ಏನಾದರೂ ಉಪಾಯ ಹುಡುಕಬೇಕು. ಅವರ ಉಪಾಯ ಚೆನ್ನಾಗಿತ್ತು. ಚಾನೆಲ್ ಕೂರುವ ಜಾಗದಲ್ಲಿ ಮಾತ್ರ ಎರಡು ಇಂಚು ಅಗಲದ ಪಟ್ಟಿಯಷ್ಟು ಸನ್‌ಮೈಕಾ ತೆಗೆದುಬಿಡುವುದು, ಡ್ರಾದಲ್ಲೂ, ಕ್ಯಾಬಿನೆಟ್‌ನಲ್ಲೂ. ಚಾನೆಲ್ 45 ಮಿ.ಮೀ. ಎತ್ತರ, ಅದರೊಳಗೆ ಮುಚ್ಚಿಹೋಗುತ್ತದೆ, ಹೊರಗೆ ಕಾಣುವುದೇ ಇಲ್ಲ. "ಇಸ್ತ್ರಿಪೆಟ್ಟಿಗೆ ಐತಾ ಅಮ್ಮ?" ಎಂದು ಕೇಳಿದರು. ನನ್ನ ಮನೆಯಲ್ಲಿ ಇಸ್ತ್ರಿಪೆಟ್ಟಿಗೆಗೆ ಬರವೇ! ಹಳೆಯದೊಂದನ್ನು ಕೊಟ್ಟೆ. ಸ್ಟೀಲ್ ಸ್ಕೇಲ್ ಇಟ್ಟು ಕಟರ್‌ನಲ್ಲಿ ಗೆರೆ ಕೊರೆದರು, ಮೇಲೆ ಬಟ್ಟೆ ಹಾಕಿ ಬಿಸಿ ಮಾಡಿದರು, ಅಂಟು ಮೆತ್ತಗಾಗುತ್ತಿದ್ದಂತೆ ಉಳಿಯನ್ನು ಮಲಗಿಸಿ ತಳ್ಳಿದರು. ಹಲಸಿನ ಹಪ್ಪಳ ಹಾಳೆಯಿಂದ ಬಿಡಿಸಿದ ಹಾಗೆ ಪಟ್ಟಿ ಎದ್ದು ಬಂತು. ಎರಡು ಕಡೆಯೂ ಸೇರಿ ಕಳೆದುಹೋಗಿದ್ದ ಜಾಗ ವಾಪಸ್.

ಹಳೆಯ ಚಾನೆಲ್‌ಗಳನ್ನು ಮತ್ತೆ ಹಾಕಲು ಅವರು ಒಪ್ಪಲಿಲ್ಲ. ಬಿಗಿಯಲ್ಲಿ ಓಡಿ ಗುಂಡು ಉರುಳುವ ದಾರಿಯೇ ಸವೆದು ಗೆರೆ ಬಿದ್ದಿತ್ತು. ಈ ಸಲ ನಾನೇ ಅಂಗಡಿಗೆ ಹೋದೆ.

ಎಸ್‌ಜೆಪಿ ರೋಡಿಗೆ. ಕೆ.ಆರ್. ಮಾರ್ಕೆಟ್‌ನಲ್ಲಿ ಇಳಿದು ನಡೆದೆ. ಮೊದಲು ಒಂದು ಭಾನುವಾರ ಹೋಗಿ ಮುಚ್ಚಿದ ಶಟರ್ ನೋಡಿಕೊಂಡು ಬಂದೆವು, ಆದ್ದರಿಂದ ವಾರದ ದಿನ ಹೋಗಿ. ದೊಡ್ಡ ಶೋರೂಮ್‌ಗಳಲ್ಲಿ ಎಸಿ ಇದೆ, ಕಾಫಿ ಕೊಡುತ್ತಾರೆ, ಇಡೀ ಅಡುಗೆಮನೆಯ ಕೊಟೇಶನ್ ಕೊಡುತ್ತಾರೆ. ನನಗೆ ಬೇಕಾದದ್ದು ಎಂಟು ಜೊತೆ ಚಾನೆಲ್. ಅದಕ್ಕೆ ಸರಿಯಾದ ಜಾಗ ಇಂಥ ಓಣಿಯ ಅಂಗಡಿ. ನಾನು ಕೊಂಡ ಅಂಗಡಿ ಎಂಟಡಿ ಅಗಲ, ಒಳಗೆ ಹೋದರೆ ರೈಲು ಬೋಗಿಯಷ್ಟು ಉದ್ದ. ಕೌಂಟರ್ ಮೇಲೆ ಮೊಳೆ ತೂಗುವ ತಕ್ಕಡಿ ಇತ್ತು. ನಾನು ಮನೆಯಿಂದ ಒಂದು ಜೊತೆ ಹಳೆ ಚಾನೆಲ್ ಒಯ್ದಿದ್ದೆ. ಅದನ್ನೂ ಅವರ ಕಂಪನಿ ಮಾಲನ್ನೂ ಒಂದಾದ ಮೇಲೊಂದು ತಕ್ಕಡಿಗಿಡಿ ಎಂದೆ. ಹುಡುಗ ನಕ್ಕ. ಯಜಮಾನರು ನಗಲಿಲ್ಲ, ಇಟ್ಟರು. ಎರಡೂ 20 ಇಂಚು. ಕಂಪನಿ ಮಾಲು ಸುಮಾರು ಕಾಲು ಕೆಜಿ ಜಾಸ್ತಿ ತೂಗಿತು. ಹೆಚ್ಚಿನ ತೂಕ ಅಂದರೆ ತಗಡಿನ ದಪ್ಪ. ಸೀರೆ ಕೊಳ್ಳುವಾಗ ಕೈಯಲ್ಲಿ ಹಿಡಿದು ತೂಗಿ ನೋಡುವುದಿಲ್ಲವೇ, ಅದೇ ಪರೀಕ್ಷೆ.

ಇನ್ನೊಂದು ಪರೀಕ್ಷೆ ಅಲ್ಲೇ ಕಲಿತದ್ದು. ಚಾನೆಲ್ ಪೂರ್ತಿ ಎಳೆದು ತುದಿ ಹಿಡಿದು ಮೇಲೆ ಕೆಳಗೆ ಅಲ್ಲಾಡಿಸಿ. ಒಳ್ಳೆಯದು ಸ್ವಲ್ಪವೇ ಅಲ್ಲಾಡುತ್ತದೆ. ಹಳೆಯದು ನಾಯಿ ಬಾಲದ ಹಾಗೆ ಆಡುತ್ತಿತ್ತು. ಆಮೇಲೆ ಮುಚ್ಚಿ ನೋಡಿ. ಜೊತೆಯ ಎರಡೂ ಒಂದೇ ವೇಗದಲ್ಲಿ ಒಳಗೆ ಹೋಗಬೇಕು. ಒಂದು ಅವಸರ, ಇನ್ನೊಂದು ನಿಧಾನ ಇದ್ದರೆ ಬೇರೆ ಜೊತೆ ಕೇಳಿ.

ಡಬ್ಬಿಯ ಮೇಲೆ 35 ಕೆಜಿ, 45 ಕೆಜಿ ಎಂದು ಬರೆದಿರುತ್ತದೆ. ಅದು ಒಂದು ಜೊತೆ ಹೊರುವ ಭಾರ, ಡ್ರಾದ ಸ್ವಂತ ತೂಕವೂ ಅದರಲ್ಲೇ ಸೇರುತ್ತದೆ. ಪಾತ್ರೆ ಡ್ರಾಗೆ 45ರದ್ದು ತೆಗೆದುಕೊಂಡೆ. ಕುಕ್ಕರ್ ಮೂರು, ಕಬ್ಬಿಣದ ಬಾಣಲೆ, ದೋಸೆ ಕಾವಲಿ ಎರಡು. ಸುಮ್ನೆ ಕೂಡಿಸಿ ನೋಡಿ, 20 ಕೆಜಿ ಎಲ್ಲಿ ಬಂತು ಎಂದೇ ಗೊತ್ತಾಗುವುದಿಲ್ಲ. ಉದ್ದದ ಬಗ್ಗೆ ಒಂದು ಮಾತು. ಚಾನೆಲ್ ಕ್ಯಾಬಿನೆಟ್‌ನ ಒಳಗಿನ ಆಳಕ್ಕಿಂತ ಚಿಕ್ಕದಿರಬೇಕು, ಹಿಂದೆ ಒಂದಿಷ್ಟು ಜಾಗ ಬೇಕು. ನಮ್ಮ ಕ್ಯಾಬಿನೆಟ್ 21 ಇಂಚಿಗೆ ಚೂರು ಜಾಸ್ತಿ, ಆದ್ದರಿಂದ 20ರದ್ದು. ಸಿಂಕ್ ಪಕ್ಕದ ಒಂದರಲ್ಲಿ ಹಿಂದೆ ಪೈಪ್ ಹಾದುಹೋಗಿದೆ, ಅಲ್ಲಿಗೆ 16 ಇಂಚಿನದು. ಮೊದಲ ಕಾರ್ಪೆಂಟರ್ ಅಲ್ಲೂ 20 ಹಾಕಿ ಹಿಂದಿನ ಹಲಗೆ ಕೊರೆದಿದ್ದರು.

ಅಂಡರ್‌ಮೌಂಟ್ ಯಾಕೆ ತೆಗೆದುಕೊಳ್ಳಲಿಲ್ಲ ಎಂದು ಕೇಳಬಹುದು. ರಾಜರಾಜೇಶ್ವರಿನಗರದಲ್ಲಿ ತಂಗಿ ಮನೆಯಲ್ಲಿ ಅದೇ ಇದೆ. ನಿಜಕ್ಕೂ ಚೆಂದ. ಡ್ರಾ ತೆರೆದರೆ ಪಕ್ಕದಲ್ಲಿ ಕಬ್ಬಿಣ ಕಾಣುವುದಿಲ್ಲ, ಹಿಟ್ಟು ಬಿದ್ದರೂ ಚಾನೆಲ್ ಡ್ರಾದ ಕೆಳಗೆ ಕ್ಷೇಮವಾಗಿರುತ್ತದೆ, ಮುಂದಿನ ಕ್ಲಿಪ್ ತಿರುಗಿಸಿ ಡ್ರಾದ ಮುಂಬಾಗಿಲನ್ನು, ಅಂದರೆ ಹಿಡಿಕೆ ಇರುವ ಮುಂದಿನ ಹಲಗೆಯನ್ನು, ಮೇಲೆ ಕೆಳಗೆ ಸರಿಮಾಡಿಕೊಳ್ಳಬಹುದು. ಆದರೆ ಅದು ಅಳತೆಯಲ್ಲಿ ಇನ್ನೂ ಕಟ್ಟುನಿಟ್ಟು. ಉದಾಹರಣೆಗೆ ಬ್ಲಮ್‌ನ ಟ್ಯಾಂಡಮ್ ಎಂಬ ಅಂಡರ್‌ಮೌಂಟ್‌ನಲ್ಲಿ ಡ್ರಾ ಪಕ್ಕದ ಹಲಗೆ 16 ಮಿ.ಮೀ. ಇದ್ದರೆ ಡ್ರಾದ ಒಳ ಅಗಲ ಕ್ಯಾಬಿನೆಟ್‌ನ ಒಳ ಅಗಲಕ್ಕಿಂತ 42 ಮಿ.ಮೀ. ಕಡಿಮೆ ಇರಬೇಕು. ತಳದ ಹಲಗೆ 13 ಮಿ.ಮೀ. ಮೇಲೆ ಕೂರಬೇಕು. ಹಿಂದೆ ಕಚ್ಚು ಹಾಕಬೇಕು, ಕೊಕ್ಕೆ ಕೂರಲು ತೂತು ಕೊರೆಯಬೇಕು. ಈಗಾಗಲೇ ಮಾಡಿದ ಡ್ರಾಗೆ ಅದು ಕೂರುವುದಿಲ್ಲ. ಹೊಸದಾಗಿ ಮಾಡಿಸುವವರು, ಕೈಯಲ್ಲಿ ದುಡ್ಡಿರುವವರು, ಒಳ್ಳೆಯ ಕೆಲಸಗಾರ ಸಿಕ್ಕವರು ಅದನ್ನೇ ಹಾಕಿಸಿ. ಮೂರರಲ್ಲಿ ಒಂದು ಕಡಿಮೆ ಇದ್ದರೂ ಟೆಲಿಸ್ಕೋಪಿಕ್ ಸಾಕು.

ಇನ್ನು ಕೂರಿಸುವುದು. ಎರಡು ದಿನ ನಾನು ಮಷಿನ್ ಮುಟ್ಟದೆ ಆಚಾರ್ರ ಪಕ್ಕದಲ್ಲೇ ಕೂತಿದ್ದೆ. ಮೊದಲು ಡ್ರಾ ಪೆಟ್ಟಿಗೆಯನ್ನು ಮೂಲೆಯಿಂದ ಮೂಲೆಗೆ ಅಳೆದರು, ಎರಡು ಕರ್ಣವೂ ಒಂದೇ ಬರಬೇಕು. ಬರಲಿಲ್ಲ ಎಂದರೆ ಪೆಟ್ಟಿಗೆ ಸೊಟ್ಟಗಿದೆ, ಎಂಥ ಚಾನೆಲ್ ಹಾಕಿದರೂ ವ್ಯರ್ಥ. ಕ್ಯಾಬಿನೆಟ್ ಒಳಗೆ ರಸಮಟ್ಟ ಇಟ್ಟು ಎರಡೂ ಪಕ್ಕಕ್ಕೆ ಒಂದೇ ಎತ್ತರದಲ್ಲಿ ಗೆರೆ ಎಳೆದರು. ನೆಲದಿಂದ ಅಳೆಯಲಿಲ್ಲ. "ನಿಮ್ಮನೆ ನೆಲ ಸಿಂಕ್ ಕಡೆ ವಾಲೈತೆ" ಎಂದರು. 20 ವರ್ಷದಿಂದ ಆ ಮನೆಯಲ್ಲಿದ್ದೇನೆ, ನನಗೆ ಗೊತ್ತಿರಲಿಲ್ಲ. ಚಾನೆಲ್‌ನ ಮುಂದಿನ ತುದಿ ಕ್ಯಾಬಿನೆಟ್ ಅಂಚಿನಿಂದ ಒಂದು ನೂಲಿಗೆ ಚೂರು ಕಡಿಮೆ ಒಳಗೆ. ನಮ್ಮ ಡ್ರಾಗಳ ಮುಂಬಾಗಿಲು ಕ್ಯಾಬಿನೆಟ್ ಅಂಚಿನ ಮೇಲೆ ಬಂದು ಕೂರುವಂಥದ್ದು, ಅದಕ್ಕೆ ಅಷ್ಟು ಸಾಕು. ಅಂಚಿನ ಒಳಗೇ ಕೂರುವ ಬಾಗಿಲಾದರೆ ಬಾಗಿಲಿನ ದಪ್ಪವನ್ನೂ ಸೇರಿಸಿ ಹಿಂದಕ್ಕೆ ಸರಿಸಬೇಕು.

ಸ್ಕ್ರೂ ವಿಷಯ ಚಿಕ್ಕದು ಅನ್ನಿಸುತ್ತದೆ. ಚಾನೆಲ್‌ನಲ್ಲಿ ಎರಡು ಥರದ ತೂತುಗಳಿವೆ, ಉದ್ದನೆಯವು ಮತ್ತು ದುಂಡನೆಯವು. ಮೊದಲು ಉದ್ದನೆಯ ತೂತಿಗೆ ಮಾತ್ರ ಸ್ಕ್ರೂ ಹಾಕಿದರು. ಡ್ರಾ ಹಾಕಿ, ತೆರೆದು, ಮುಚ್ಚಿ, ಅಷ್ಟಿಷ್ಟು ಸರಿಸಿ, ಎಲ್ಲ ಸರಿ ಎನಿಸಿದ ಮೇಲೆ ದುಂಡು ತೂತಿಗೆ ಹಾಕಿ ಭದ್ರ ಮಾಡಿದರು. ನಾವು ಮೊದಲು ಕಚ್ಚಾ ಹೊಲಿಗೆ ಹಾಕಿ, ತೊಡಿಸಿ ನೋಡಿ, ಆಮೇಲೆ ಮಷಿನ್ ಹೊಲಿಗೆ ಹಾಕುವ ಹಾಗೆ. ಕ್ಯಾಬಿನೆಟ್ ಹಲಗೆ 18 ಮಿ.ಮೀ., ಅಲ್ಲಿಗೆ 16 ಮಿ.ಮೀ. ಸ್ಕ್ರೂ. ಡ್ರಾ ಪಕ್ಕದ ಹಲಗೆ 12 ಮಿ.ಮೀ. ಮಾತ್ರ, ಅಲ್ಲಿಗೆ ಅರ್ಧ ಇಂಚಿನದು. ಮೊದಲಿನವರು ಎಲ್ಲಕ್ಕೂ ಒಂದೇ ಸ್ಕ್ರೂ ಬಳಸಿದ್ದರು, ಮೊನೆ ಡ್ರಾ ಒಳಗೆ ಇಣುಕುತ್ತಿತ್ತು. ಸೌಟು ತೆಗೆಯುವಾಗ ಎರಡು ಸಲ ಬೆರಳು ಗೀರಿಕೊಂಡಿದ್ದೆ, ಸೌಟಿನದೇ ಅಂಚು ಎಂದುಕೊಂಡಿದ್ದೆ. ಸ್ಕ್ರೂ ತಲೆ ಪೂರ್ತಿ ಒಳಗೆ ಕೂರಬೇಕು. ಕೂದಲಿನಷ್ಟು ಮೇಲಿದ್ದರೂ ಒಳಗಿನ ಪಟ್ಟಿ ಅದಕ್ಕೆ ತಾಗಿ ಟಕ್ ಟಕ್ ಅನ್ನುತ್ತದೆ. ಇನ್ನೊಂದು, ನಮ್ಮಲ್ಲಿ ಎಷ್ಟೋ ಜನ ಸ್ಕ್ರೂ ಅನ್ನು ಅರ್ಧ ಸುತ್ತಿಗೆಯಲ್ಲಿ ಹೊಡೆದು ಉಳಿದರ್ಧ ತಿರುಗಿಸುತ್ತಾರೆ. ಪ್ಲೈವುಡ್‌ನ ಪದರ ಸೀಳಿ ಹಿಡಿತ ಹೋಗುತ್ತದೆ. "ಸ್ಕ್ರೂ ಮೊಳೆ ಅಲ್ಲಮ್ಮ" ಎಂದು ಆಚಾರ್ರು ಚಿಕ್ಕ ಬಿಟ್‌ನಲ್ಲಿ ಒಂದೊಂದಕ್ಕೂ ಮೊದಲು ತೂತು ಹಾಕಿದರು.

ಮುಂಬಾಗಿಲುಗಳ ನಡುವೆ 3 ಮಿ.ಮೀ. ಸಂದು ಬೇಕು. ಅದಕ್ಕೆ ಅವರು ಕೇಳಿದ್ದು ಹಳೆ ಎಟಿಎಂ ಕಾರ್ಡುಗಳು. ನಾಲ್ಕು ಕಾರ್ಡು ಒಟ್ಟಿಗೆ ಇಟ್ಟರೆ ಸರಿಯಾಗಿ 3 ಮಿ.ಮೀ. ಎರಡು ಕಡೆಗೆ ಎಂಟು ಬೇಕಿತ್ತು, ಮನೆಯಲ್ಲಿ ಐದೇ ಸಿಕ್ಕಿದವು. ಮಗನ ಕಾಲೇಜು ಐಡಿ, ಮೆಟ್ರೋ ಕಾರ್ಡು, ನಮ್ಮನೆಯವರ ಪ್ಯಾನ್ ಕಾರ್ಡು ಸೇರಿಸಿ ಹೊಂದಿಸಿದೆವು. ಡಬಲ್ ಟೇಪ್‌ನಲ್ಲಿ ಬಾಗಿಲು ಅಂಟಿಸಿ, ನಿಂತು ನೋಡಿ, ಒಳಗಿನಿಂದ ಸ್ಕ್ರೂ. ಪ್ಯಾನ್ ಕಾರ್ಡ್ ಆಮೇಲೆ ಒಂದು ವಾರ ಕಾಣೆಯಾಗಿತ್ತು, ಆ ಕಥೆ ಬೇಡ.

ಖರ್ಚು ಹೇಳಿಬಿಡುತ್ತೇನೆ. ಸಾಫ್ಟ್ ಕ್ಲೋಸ್ 5 ಜೊತೆ, ಸರಾಸರಿ 920ರಂತೆ 4,600. ಸಾದಾ ಟೆಲಿಸ್ಕೋಪಿಕ್ 3 ಜೊತೆ, 430ರಂತೆ 1,290. ಸ್ಕ್ರೂ 160. ಒಟ್ಟು 6,050, ಜಿಎಸ್‌ಟಿ ಸೇರಿ, ಬಿಲ್ ಸಮೇತ. ಆಚಾರ್ರಿಗೆ ಎರಡು ದಿನಕ್ಕೆ 2,800. ಮೊದಲ ಸಲ ಹುಲಿ ಚಿತ್ರದ ಡಬ್ಬಿಗಳಿಗೆ ಹೋದ 5,200 ನೀರಲ್ಲಿ ಹೋಮ. ಕಂಪನಿ ಹೆಸರು ಬೇಕೆಂದೇ ಬರೆದಿಲ್ಲ. ಈ ಬೆಲೆಯಲ್ಲಿ ಹೆಸರುವಾಸಿ ಕಂಪನಿಗಳ ಮಾಲನ್ನು ಮೂರು ನಾಲ್ಕು ಕಡೆ ಎಳೆದು ನೋಡಿದೆ, ನನಗೆ ದೊಡ್ಡ ವ್ಯತ್ಯಾಸ ಕಾಣಲಿಲ್ಲ. ವ್ಯತ್ಯಾಸ ಇದ್ದದ್ದು ಕೂರಿಸುವ ಕೈಯಲ್ಲಿ.

ಮೂರು ಯಾಕೆ ಸಾದಾ? ಅದಕ್ಕೆ ಕಾರಣ ಅತ್ತೆ. ಯಾರ ಸದ್ದಿಗಾಗಿ ಇಷ್ಟೆಲ್ಲ ಮಾಡಿದೆವೋ ಅವರಿಗೇ ಸಾಫ್ಟ್ ಕ್ಲೋಸ್ ಆಗಿಬರಲಿಲ್ಲ. ಮುಚ್ಚುವಾಗ ಎಳೆದುಕೊಳ್ಳುವ ಆ ಸ್ಪ್ರಿಂಗನ್ನು ತೆರೆಯುವಾಗ ನಾವೇ ಎಳೆದು ಬಿಗಿ ಮಾಡಬೇಕಲ್ಲ? ಮೊದಲ ಎರಡು ಇಂಚು ಡ್ರಾ ಹಿಡಿದುಕೊಂಡ ಹಾಗೆ ಅನ್ನಿಸುತ್ತದೆ. ನಮಗೆ ಅದು ಲೆಕ್ಕಕ್ಕಿಲ್ಲ. 76 ವರ್ಷ, ಬೆರಳ ಗಂಟುಗಳಲ್ಲಿ ನೋವಿರುವವರಿಗೆ ಅದು ಕಷ್ಟ. ಅದರಲ್ಲೂ ಸ್ಪೂನಿನ ಡ್ರಾ. ಚಿಕ್ಕದು, ಹಗುರ, ಸ್ಪ್ರಿಂಗಿನ ಮುಂದೆ ಅದರ ತೂಕ ಏನೂ ಅಲ್ಲ. ಎಳೆದರೆ ಬರುವುದಿಲ್ಲ, ಜೋರಾಗಿ ಎಳೆದರೆ ಸ್ಪೂನುಗಳೆಲ್ಲ ಮುಂದಕ್ಕೆ ಹಾರುತ್ತವೆ. "ಇದೇನಮ್ಮ, ನನ್ನ ಜೊತೆ ಕುಸ್ತಿ ಆಡುತ್ತೆ" ಎಂದರು. ಡಿಸೆಂಬರ್ ಬೆಳಗಿನಲ್ಲಿ ಇನ್ನೂ ಒಂದು ವಿಷಯ ಗಮನಿಸಿದೆ. ಚಳಿಗೆ ಸಿಲಿಂಡರಿನ ಎಣ್ಣೆ ಮಂದವಾಗಿಯೋ ಏನೋ, ಡ್ರಾ ಇನ್ನೂ ನಿಧಾನಕ್ಕೆ ಮುಚ್ಚುತ್ತದೆ.

ಆದ್ದರಿಂದ ಅವರ ಕಾಫಿ ಸಾಮಾನೆಲ್ಲ ಮೇಲಿನ ಮೂರು ಚಿಕ್ಕ ಡ್ರಾಗಳಿಗೆ ಬಂತು, ಆ ಮೂರೂ ಸಾದಾ. ಅಗಲ ಹಿಡಿಕೆ ಹಾಕಿಸಿದೆ, ನಾಲ್ಕೂ ಬೆರಳು ಒಳಗೆ ಹೋಗುವಂಥದ್ದು. ಸದ್ದಿಗೆ ಏನು ಮಾಡಿದೆ ಗೊತ್ತಾ? ಬ್ಲೌಸಿಗೆ ಇಡುವ ಶೋಲ್ಡರ್ ಪ್ಯಾಡ್‌ನ ಫೋಮ್ ಕತ್ತರಿಸಿ ಬಾಗಿಲಿನ ಹಿಂದೆ ನಾಲ್ಕು ಮೂಲೆಗೆ ಅಂಟಿಸಿದೆ. ಖರ್ಚು ಸೊನ್ನೆ. ಧಡ್ ಹೋಗಿ ಪುಸ್ ಆಯಿತು. ಆರು ತಿಂಗಳಿಗೊಮ್ಮೆ ಬದಲಾಯಿಸಬೇಕು, ಅಷ್ಟೇ. ಮಗ ಎದ್ದಿಲ್ಲ.

ಉಳಿದ ಐದರ ಬಗ್ಗೆ ದೂರಿಲ್ಲ. ಪಾತ್ರೆ ತುಂಬಿದ ದೊಡ್ಡ ಡ್ರಾ ಒಂದು ಬೆರಳಲ್ಲಿ ಸೋಕಿಸಿದರೆ ಸಾಕು, ತಾನೇ ಒಳಗೆ ಹೋಗಿ ಉಸಿರು ಬಿಟ್ಟ ಹಾಗೆ ಕೂರುತ್ತದೆ. ಕೆಲಸಕ್ಕೆ ಬರುವ ಗೌರಮ್ಮನಿಗೆ ಮಾತ್ರ ಕೊನೆವರೆಗೂ ತಳ್ಳುವ ಅಭ್ಯಾಸ ಹೋಗಿಲ್ಲ. ಅದು ತಡೆಯುತ್ತದೆ, ಇವಳು ತಳ್ಳುತ್ತಾಳೆ. "ಬಿಟ್ಬಿಡು, ಅದೇ ಹೋಗುತ್ತೆ" ಎಂದು ದಿನಕ್ಕೆರಡು ಸಲ ಹೇಳುತ್ತೇನೆ.

ಯುಗಾದಿಗೆ ಮನೆ ತೊಳೆಯುವಾಗ ಎಲ್ಲ ಡ್ರಾ ಬಿಚ್ಚಿದೆವು. ಬಿಚ್ಚುವುದು ಸುಲಭ. ಪಕ್ಕದಲ್ಲಿ ಕಪ್ಪು ಪ್ಲಾಸ್ಟಿಕ್ ನಾಲಿಗೆ ಇದೆ. ಒಂದು ಕಡೆಯದನ್ನು ಮೇಲಕ್ಕೆ, ಇನ್ನೊಂದು ಕಡೆಯದನ್ನು ಕೆಳಕ್ಕೆ, ಎರಡನ್ನೂ ಒಟ್ಟಿಗೆ ಒತ್ತಿ ಎಳೆಯಬೇಕು. ವಾಪಸ್ ಹಾಕುವಾಗ ಗುಂಡುಗಳಿರುವ ಪಟ್ಟಿಯನ್ನು ಮೊದಲು ಮುಂದಕ್ಕೆ ತಂದುಕೊಳ್ಳಿ. ಇಲ್ಲದಿದ್ದರೆ ಡ್ರಾ ಅದನ್ನು ಗುದ್ದಿ ಗುಂಡುಗಳು ನೆಲದ ಮೇಲೆ ಚೆಲ್ಲುತ್ತವೆ. ಹಾಕಿದ ಮೇಲೆ ಎರಡು ಡ್ರಾ ಮತ್ತೆ ಎರಡು ಇಂಚು ಹೊರಗೇ ನಿಂತವು. ನನ್ನ ಎದೆ ಧಸಕ್ಕೆಂದಿತು. ಆಚಾರ್ರಿಗೆ ಫೋನ್ ಮಾಡಿದೆ. "ಕೊಕ್ಕೆ ತಪ್ಪೈತೆ, ಜೋರಾಗಿ ಒಂದ್ಸಲ ತಳ್ಳಿ ಅಮ್ಮ" ಎಂದರು. ತಳ್ಳಿದೆ. ಟಕ್ ಎಂದಿತು. ಪಿನ್ನು ಮತ್ತೆ ಕೊಕ್ಕೆಗೆ ಸಿಕ್ಕಿತ್ತು.

ಆ ದಿನವೇ ಇನ್ನೊಂದು ಎಡವಟ್ಟು. ಚಾನೆಲ್ ಸರಾಗವಾಗಿ ಓಡಲಿ ಎಂದು ಅತ್ತೆ ಕೊಬ್ಬರಿ ಎಣ್ಣೆ ಸವರಿದ್ದರು. ಒಳ್ಳೆಯ ಮನಸ್ಸಿನಿಂದಲೇ. ವಾರದೊಳಗೆ ರಾಗಿಹಿಟ್ಟಿನ ಧೂಳು ಅದಕ್ಕೆ ಅಂಟಿ ಮುದ್ದೆಯಾಯಿತು. ಹಳೆ ಟೂತ್‌ಬ್ರಷ್ ಹಿಡಿದು ಒಂದು ಸಂಜೆ ಪೂರ್ತಿ ತಿಕ್ಕಿದೆ. ಒಣ ಬಟ್ಟೆಯಲ್ಲಿ ಒರೆಸಿದರೆ ಸಾಕು, ಅಡುಗೆ ಎಣ್ಣೆ ಖಂಡಿತ ಬೇಡ.

ಹುಲಿ ಡಬ್ಬಿಯ ಚಾನೆಲ್‌ಗಳಲ್ಲಿ ಎರಡು ಜೊತೆ ಅಷ್ಟೇನೂ ಹಾಳಾಗಿರಲಿಲ್ಲ. ಅವನ್ನು ನನ್ನ ಹೊಲಿಗೆ ರೂಮಿನಲ್ಲಿ ದಾರ, ಗುಂಡಿ ಇಡುವ ಡ್ರಾಗಳಿಗೆ ಹಾಕಿಸಿದ್ದೇನೆ. ಸ್ಟೌ ಪಕ್ಕದ ದೊಡ್ಡ ಡ್ರಾ ಮಾತ್ರ ಈಚೆಗೆ ಬಲಗಡೆ ಚೂರು ಇಳಿದು ಕೆಳಗಿನ ಬಾಗಿಲಿಗೆ ತಾಗುತ್ತಿದೆ. ಉದ್ದ ತೂತಿನ ಸ್ಕ್ರೂ ಸಡಿಲಿಸಿ ಎತ್ತಿ ಬಿಗಿಯಬೇಕಂತೆ, ಹತ್ತು ನಿಮಿಷದ ಕೆಲಸ. ಆಚಾರ್ರು ಬರುತ್ತೇನೆಂದು ಹೇಳಿ ಮೂರು ವಾರವಾಯಿತು. ಫೋನ್ ಮಾಡಿದರೆ "ನಾಳೆ ಗ್ಯಾರಂಟಿ ಅಮ್ಮ" ಅನ್ನುತ್ತಾರೆ. ಬ್ಲೌಸ್ ಕೇಳುವವರಿಗೆ ನಾನೂ ಅದನ್ನೇ ಹೇಳುವುದರಿಂದ ಜೋರು ಮಾಡುವ ಹಾಗಿಲ್ಲ.